ಗಾಸ್ತೊನೆಯ ಗಂಟಲು

ರೋಮಿನಲ್ಲಿ ಒರೆಸ್ತೆ ಪೆಂಝೊನ ಮುಖ ಗೊತ್ತಿಲ್ಲದವರು ಇರಲಿಲ್ಲ. ಹೆಸರು ಗೊತ್ತಿದ್ದವರು ಮಾತ್ರ ಕಡಿಮೆ. ಅವನು ಟ್ರಾಮ್ ಹತ್ತಿದರೆ ಸಾಕು, ಹೆಂಗಸರು ಒಬ್ಬರನ್ನೊಬ್ಬರು ತಿವಿದು ಪಿಸುಗುಡುತ್ತಿದ್ದರು. "ಅಯ್ಯೋ, ಇವನೇ ಕಣೇ, ಆ ಪಿಕ್ಚರ್‌ನಲ್ಲಿ ಪಾದ್ರಿ ಆಗಿದ್ದೋನು." "ಪಾದ್ರಿ ಎಲ್ಲಿಂದ ಬಂದ? ಕುದುರೆ ಕದಿಯೋ ಮೆಕ್ಸಿಕೋದ ಜನರಲ್ ಕಣೇ ಇವನು." ಇಬ್ಬರು ಹೇಳುವುದೂ ಸರಿಯೇ. ಪಾದ್ರಿಯಾಗಿದ್ದ, ಜನರಲ್ ಆಗಿದ್ದ, ಲಂಚ ತಿನ್ನುವ ಪೊಲೀಸ್ ಅಧಿಕಾರಿಯಾಗಿದ್ದ, ಮಗಳ ಮದುವೆಗೆ ಅಡ್ಡಗಾಲು ಹಾಕುವ ಸಿಸಿಲಿಯ ಅಪ್ಪನಾಗಿದ್ದ, ಒಂದು ಸಲ ರಕ್ತ ಕುಡಿಯುವ ಜಮೀನ್ದಾರ ಕೂಡ ಆಗಿದ್ದ. ಮೀಸೆ ಅಂಟಿಸಿದರೆ ಒಬ್ಬ, ಕಿತ್ತರೆ ಇನ್ನೊಬ್ಬ. ನಿರ್ದೇಶಕರಿಗೆ ಯಾವ ಪಾತ್ರಕ್ಕೆ ಯಾರೂ ಸಿಗದಿದ್ದರೂ ಪೆಂಝೊ ಇದ್ದೇ ಇದ್ದ.

ಇಷ್ಟೆಲ್ಲ ಸಿನಿಮಾಗಳಲ್ಲಿ ಒಂದೇ ಒಂದು ಮಾತು, ಬರೀ ಒಂದು 'ಹ್ಞೂಂ' ಕೂಡ, ಅವನ ಬಾಯಿಂದ ಬಂದದ್ದಾಗಿರಲಿಲ್ಲ.

ಆ ಕಾಲಕ್ಕೆ ನಮ್ಮಲ್ಲಿ ಸಿನಿಮಾ ತೆಗೆಯುತ್ತಿದ್ದ ರೀತಿಯೇ ಹಾಗೆ. ಕ್ಯಾಮೆರಾ ಓಡುತ್ತಿರುವಾಗ ಪಕ್ಕದಲ್ಲೇ ಬಡಗಿ ಮೊಳೆ ಹೊಡೆಯುತ್ತಿರುತ್ತಿದ್ದ, ನಿರ್ದೇಶಕ ಕುರ್ಚಿಯಲ್ಲಿ ಕೂತು ಬೈಯುತ್ತಿರುತ್ತಿದ್ದ. ಯಾರ ಮಾತನ್ನೂ ಯಾರೂ ಹಿಡಿದಿಡುತ್ತಿರಲಿಲ್ಲ. ಮಾತೆಲ್ಲ ಆಮೇಲೆ, ಸ್ಟುಡಿಯೋದ ಕತ್ತಲ ಹಾಲಿನಲ್ಲಿ, ಬೇರೆಯವರ ಗಂಟಲಿನಿಂದ. ಎಷ್ಟೋ ಸಲ ಸಂಭಾಷಣೆಯನ್ನು ಬರೆದೇ ಇರುತ್ತಿರಲಿಲ್ಲ. "ನಂಬರ್ ಹೇಳ್ತಾ ಹೋಗಿ, ಬಾಯಿ ಆಡಿದ್ರೆ ಸಾಕು, ಆಮೇಲೆ ನೋಡ್ಕೊಳ್ಳೋಣ" ಅನ್ನುತ್ತಿದ್ದರು. ಜನ ನಂಬರ್ ಹೇಳಿಕೊಂಡೇ ಪ್ರೀತಿಸುತ್ತಿದ್ದರು, ನಂಬರ್ ಹೇಳಿಕೊಂಡೇ ಕೊಲ್ಲುತ್ತಿದ್ದರು. ಅದರಲ್ಲಿ ಯಾರಿಗೂ ತಮಾಷೆ ಅನ್ನಿಸುತ್ತಿರಲಿಲ್ಲ.

ಒರೆಸ್ತೆ ನಂಬರ್ ಹೇಳುವ ಧಾಟಿ ಮಾತ್ರ ಬೇರೆ. ಅವನು ಉತ್ತರದ ಕಡಲಂಚಿನ ಕಿಯೋಜಾದವನು, ಹಿನ್ನೀರಿನ ಮಗ. ತಾಯಿ ಅಮಾಬಿಲೆ ಕಾಲುವೆ ದಂಡೆಯ ಮೀನುಕಟ್ಟೆಯಲ್ಲಿ ಚಿಪ್ಪು ಕಳಚಿದ ಮೆತ್ತನೆಯ ಏಡಿ ಮಾರುತ್ತಿದ್ದಳು. ಬುಟ್ಟಿಯಿಂದ ಒಂದೊಂದೇ ಎತ್ತಿ ಗಿರಾಕಿಯ ಪಾತ್ರೆಗೆ ಹಾಕುತ್ತ ಅವಳು ರಾಗವಾಗಿ ಕೂಗುವಳು: "ಒಂದ ಬಂತು, ಎರಡ ಬಂತು, ಮೂರ ಮೆತ್ತಗ, ನಾಕ ತಣ್ಣಗ, ಐದ ಅಕ್ಕಗ, ಆರ ಅಣ್ಣಗ, ಏಳ ಓಣಿಗೆ, ಎಂಟ ನಿನಗ, ಒಂಬತ್ತ ನನಗ." ಒಂಬತ್ತನೆಯದು ಅವಳ ಬುಟ್ಟಿಗೇ ವಾಪಸು ಬಿದ್ದಾಗ ಗಿರಾಕಿ ನಗಲೇಬೇಕು. ಒರೆಸ್ತೆ ಎಣಿಸಲು ಕಲಿತದ್ದೇ ಆ ಬುಟ್ಟಿಯ ಪಕ್ಕ ಕೂತು. ಹಾಗಾಗಿ ಕ್ಯಾಮೆರಾದ ಮುಂದೆ 'ನಂಬರ್ ಹೇಳು' ಅಂದಾಗ ಅವನ ಬಾಯಿಗೆ ಬರುತ್ತಿದ್ದುದು ಅಮ್ಮನ ಏಡಿಯೇ. ಪಾದ್ರಿ ಶವದ ಮುಂದೆ ನಿಂತು ಪ್ರಾರ್ಥಿಸುವಾಗಲೂ ಏಡಿ, ಜನರಲ್ ಗುಂಡೇಟು ತಿಂದು ಬೀಳುವಾಗಲೂ ಏಡಿ.

ಆಮೇಲೆ ಆ ಬಾಯಿಗೆ ಮಾತು ತುಂಬುತ್ತಿದ್ದವನು ಗಾಸ್ತೊನೆ ಲಾಂಫ್ರಂಕಿ. ಕುಳ್ಳ, ಬೋಳುತಲೆ, ಬಿರುಬೇಸಿಗೆಯಲ್ಲೂ ಕೊರಳಿಗೆ ಉಣ್ಣೆಯ ಪಟ್ಟಿ ಸುತ್ತಿಕೊಂಡು ಓಡಾಡುವ ಮನುಷ್ಯ. ನೋಡಿದರೆ ಅಂಚೆ ಕಚೇರಿಯ ಗುಮಾಸ್ತ ಅನ್ನಬೇಕು. ಆದರೆ ಬಾಯಿ ತೆರೆದನೆಂದರೆ! ನೆಲಮಾಳಿಗೆಯಿಂದ ಎದ್ದು ಬರುವಂಥ, ತುಂಬಿದ, ಜೇನು ಸವರಿದ ಧ್ವನಿ. ಆ ಧ್ವನಿ 'ಮಗನೇ' ಅಂದರೆ ಥಿಯೇಟರಿನಲ್ಲಿ ಕರವಸ್ತ್ರಗಳು ಹೊರಗೆ ಬರುತ್ತಿದ್ದವು. ಒರೆಸ್ತೆಯದೋ ತೆಳ್ಳನೆಯ, ಮೂಗಿನಲ್ಲಿ ಸಿಕ್ಕಿಕೊಂಡ ಧ್ವನಿ, ಮೇಲೆ ಹಿನ್ನೀರಿನ ಎಳೆತ. ಮಾರುಕಟ್ಟೆಗೆ ಸರಿ, ಸಿನಿಮಾಕ್ಕೆ ಅಲ್ಲ ಎಂದು ಮೊದಲ ಚಿತ್ರದಲ್ಲೇ ಹೇಳಿ ಕೈ ತೊಳೆದುಕೊಂಡಿದ್ದರು.

ಇಬ್ಬರೂ ಆಗೊಮ್ಮೆ ಈಗೊಮ್ಮೆ ಒಟ್ಟಿಗೆ ಊಟ ಮಾಡುತ್ತಿದ್ದರು. ಗಾಸ್ತೊನೆ ತಟ್ಟೆಯಲ್ಲಿದ್ದ ಬೇಯಿಸಿದ ಪಲ್ಲೆಹೂವಿನ ಎಸಳು ಬಿಡಿಸಿ ತಿನ್ನುತ್ತ ಗೊಣಗುವನು. "ಅಲ್ಲ ಮಾರಾಯ, ನೀನು ಬಾಯಿ ಮುಚ್ಚೋದು ಯಾಕೆ ಅಷ್ಟು ನಿಧಾನ? ನಾನು ಎಲ್ಲಾ ವಾಕ್ಯದ ಕೊನೆಗೂ ಒಂದು ನಿಟ್ಟುಸಿರು ತುರುಕಬೇಕಾಗುತ್ತೆ."

"ಅದು ಒಂಬತ್ತು," ಅನ್ನುವನು ಒರೆಸ್ತೆ.

"ಏನು ಒಂಬತ್ತು?"

"ಏನಿಲ್ಲ ಬಿಡ್ರಿ. ನಿಮ್ಮ ನಿಟ್ಟುಸಿರಿಗೇ ಮಂದಿ ಅಳತಾರ, ಅಷ್ಟ ಸಾಕು."

ಒಳ್ಳೆಯ ಮನುಷ್ಯ ಗಾಸ್ತೊನೆ. ಅವನನ್ನು ದ್ವೇಷಿಸಲಾಗಲಿಲ್ಲವಲ್ಲ, ಅದೇ ಒರೆಸ್ತೆಯ ಸಂಕಟ. ಆದರೆ ರಸ್ತೆಯಲ್ಲಿ ಒರೆಸ್ತೆಯ ಪಾಡು ಯಾರಿಗೂ ಬೇಡ. ಮಾಂಸದಂಗಡಿಯವನು ಗಿರಾಕಿಗಳೆಲ್ಲರ ಮುಂದೆ "ಸ್ವಾಮಿ, ಒಂದೇ ಒಂದು ಸಲ, 'ನನ್ನ ಮನೆಯಿಂದ ಆಚೆಗೆ ನಡಿ' ಅನ್ನಿ!" ಎಂದು ಗೋಗರೆಯುವನು. ಒರೆಸ್ತೆ "ಅರ್ಧ ಕಿಲೋ ಕುರಿ ಮಾಂಸ ಕೊಡ್ರಿ ಸಾಕು" ಎಂದರೆ ಅಂಗಡಿ ತಣ್ಣಗಾಗುವುದು. "ಪಾಪ, ಗಂಟಲು ಕೆಟ್ಟಿದೆ" ಎಂದು ಯಾರೋ ಸಮಾಧಾನ ಹೇಳುವರು. ಬರಬರುತ್ತ ಅವನು ಹೊರಗೆ ಮಾತಾಡುವುದನ್ನೇ ಬಿಟ್ಟ. ಬೆರಳು ತೋರಿಸಿ ಮಾಂಸ ಕೊಳ್ಳುವನು, ತಲೆಯಾಡಿಸಿ ನಮಸ್ಕಾರ ಹೇಳುವನು. ಎಷ್ಟು ಗಂಭೀರ ಮನುಷ್ಯ ಅಂದುಕೊಂಡರು ಜನ.

ಅವನ ಹುಟ್ಟೂರಿನಲ್ಲಿ ಒಬ್ಬಳು ಮಾತ್ರ ಈ ಮೋಸಕ್ಕೆ ಬೀಳುತ್ತಿರಲಿಲ್ಲ. ಕಿಯೋಜಾದ ಚರ್ಚಿನ ಹಾಲಿಗೆ ಮಗನ ಸಿನಿಮಾ ಬಂದಾಗಲೆಲ್ಲ ಅಮಾಬಿಲೆ ಮುಂದಿನ ಬೆಂಚಿನಲ್ಲಿ ಹೋಗಿ ಕೂರುವಳು. ಮಾತಿನ ಕಡೆ ಗಮನವೇ ಇಲ್ಲ, ಕಣ್ಣೆಲ್ಲ ಮಗನ ತುಟಿಯ ಮೇಲೆ. ಗಾಸ್ತೊನೆಯ ಧ್ವನಿ 'ಪ್ರಭುವೇ, ಈ ಪಾಪಿಯನ್ನು ಕ್ಷಮಿಸು' ಎನ್ನುತ್ತಿರುವಾಗ, ಹಿಂದಿನವರೆಲ್ಲ ಮೂಗು ಸೀಟುತ್ತಿರುವಾಗ, ಅವಳೊಬ್ಬಳು ಶಾಲಿನ ಅಂಚು ಬಾಯಿಗೆ ಒತ್ತಿಕೊಂಡು ನಗುವಳು. ಆಮೇಲೆ ಕಾಲುವೆ ಪಕ್ಕದ ಕಾಫಿ ಅಂಗಡಿಗೆ ಹೋಗಿ ರೋಮಿಗೆ ಫೋನ್ ಮಾಡಿಸುವಳು. "ಏ ಮಂಗ್ಯಾ, ಸಾಯೂ ಮುಂದನೂ ಏಡಿ ಮಾರಾಕತ್ತಿದ್ದೆಲ್ಲೋ! ಐದ ಅಕ್ಕಗ ಅಂದು ಪ್ರಾಣ ಬಿಟ್ಟಿ. ಉಳಿದ ಏಡಿ ಯಾರಿಗೆ ಕೊಟ್ಟಿ?" ತಾಯಿ ಮಗ ಇಬ್ಬರೂ ತಂತಿಯ ಎರಡು ತುದಿಯಲ್ಲಿ ನಗುವರು. ಆ ನಗು ಸಿಕ್ಕಿದ ದಿನ ಒರೆಸ್ತೆಗೆ ಗಾಸ್ತೊನೆಯ ಮೇಲೆ ಹೊಟ್ಟೆಕಿಚ್ಚೇ ಇರುತ್ತಿರಲಿಲ್ಲ.

ಹಾಗಿರುವಾಗ ಅಮಾಬಿಲೆಯ ಕಣ್ಣು ಹೋಯಿತು. ಮೊದಲು ಮಂಜಾಯಿತು, ಆಮೇಲೆ ಪೂರ್ತಿ ಕತ್ತಲೆ. ಹತ್ತಿರದ ಪಟ್ಟಣ ಪಾದುವಾದ ವೈದ್ಯರು ನೋಡಿ ಕೈ ಚೆಲ್ಲಿದರು. ಒರೆಸ್ತೆ ಈಸ್ಟರಿಗೆ ಊರಿಗೆ ಹೋದಾಗ ಅವಳು ಒಲೆಯ ಪಕ್ಕ ಕೂತು, ಅವನ ಕೈಯನ್ನು ತನ್ನ ಮಡಿಲಲ್ಲಿ ಇಟ್ಟುಕೊಂಡಿದ್ದಳು.

"ಪಿಚ್ಚರಿಗೆ ಹೋಗಿದ್ನಪಾ," ಎಂದಳು. "ನೆರಮನಿ ಹುಡುಗಿ ಕೈ ಹಿಡದು ಕರಕೊಂಡು ಹೋಗಿದ್ಲು. 'ಈಗ ನೋಡಜ್ಜಿ, ನಿನ ಮಗಾ ಬಂದ' ಅಂತಾಳ. ಎಲ್ಲಿ ಬಂದಿ? ಯಾಂವೋ ದಪ್ಪ ಮನಷ್ಯಾ ಬಂದು ಗುಡುಗಿದಾ, ಹ್ವಾದಾ. ನನ ಮಗಾ ಬರಲೇ ಇಲ್ಲ."

"ಅಂವ ದಪ್ಪಿಲ್ಲವ್ವಾ, ಕುಳ್ಳ ಅದಾನ."

"ದಪ್ಪರ ಇರವಲ್ಲನ್ಯಾಕ, ಕುಳ್ಳರ ಇರವಲ್ಲನ್ಯಾಕ! ನನಗ ನೀ ಬೇಕೋ. ಒಂದ ಸಲಾ ಆ ಪಿಚ್ಚರಿನ್ಯಾಗ ನೀನ ಮಾತಾಡೋ ಒರೆಸ್ತೆ. ಓಣ್ಯಾಗಿನ ಮಂದಿ ಕೂಡ ಕುಂತು ನಾನೂ ಕೇಳತೇನಿ. ಸಾಯೂದ್ರಾಗ ಒಂದ ಸಲಾ."

"ಆತವ್ವಾ," ಎಂದ ಅವನು. "ಮುಂದಿನ ಪಿಚ್ಚರಿನ್ಯಾಗ ನಾನ ಮಾತಾಡತೇನಿ."

ಹೇಳುವುದು ಹೇಳಿಬಿಟ್ಟ, ರೈಲು ಹತ್ತಿದ ಮೇಲೆ ಇದನ್ನು ಯಾರ ಹತ್ತಿರ ಹೇಗೆ ಕೇಳುವುದು ಎಂದು ಲೆಕ್ಕ ಹಾಕತೊಡಗಿದ. ಆದರೆ ಅದೃಷ್ಟ ತಾನಾಗಿ ಬಾಗಿಲು ಬಡಿದಂತೆ ಆ ಬೇಸಿಗೆಯಲ್ಲೇ ಕ್ರಿಸ್ಪೋಲ್ತಿ ಎಂಬ ನಿರ್ದೇಶಕ ಅವನನ್ನು ಕರೆಸಿದ. ದೊಡ್ಡ ಪಾತ್ರ. ಪೋ ನದಿ ಸಮುದ್ರ ಸೇರುವ ಕಡೆಯ ಒಬ್ಬ ಮೀನುಗಾರ, ಕಡಲಿಗೆ ಹೋದ ಮಗ ಹಿಂದಿರುಗುವುದಿಲ್ಲ, ತಂದೆ ಕಾಯುತ್ತಾನೆ. ಒರೆಸ್ತೆ ಎರಡು ಕೈಯನ್ನೂ ಮೇಜಿನ ಮೇಲಿಟ್ಟು, ಇಡೀ ಜೀವಮಾನದಲ್ಲಿ ಕೇಳದಿದ್ದದ್ದನ್ನು ಕೇಳಿದ.

"ಸಾಹೇಬ್ರ, ಈ ಸಲಾ ನನ್ನ ಧ್ವನಿ ಇರ್ಲಿ. ಇಂವ ನಮ್ಮ ಕಡೀ ಮನಷ್ಯಾನೇ ಅದಾನಲ್ಲರಿ."

ಕ್ರಿಸ್ಪೋಲ್ತಿ ಕೆಟ್ಟವನಲ್ಲ, ಬರೀ ಅವಸರದವನು. "ಮೀನುಗಾರ ಅನ್ನೋದೇನೋ ಸರಿ, ಪೆಂಝೊ. ಆದ್ರೆ ದೇಶದ ಆ ತುದಿ ಪಲೆರ್ಮೊದಲ್ಲಿ ಕೂತಿರೋನಿಗೂ ಅರ್ಥ ಆಗ್ಬೇಕಲ್ಲಪ್ಪ. ಮೊದಲು ಶೂಟಿಂಗ್ ಮುಗೀಲಿ, ಆಮೇಲೆ ನೋಡೋಣ."

'ನೋಡೋಣ' ಅಂದರೆ 'ಇಲ್ಲ' ಎಂದು ಅರ್ಥ, ರೋಮಿನಲ್ಲಿ ಬೆಕ್ಕಿಗೂ ಗೊತ್ತು. ಒರೆಸ್ತೆಗೆ ಮಾತ್ರ ಆ ಸಲ ಗೊತ್ತಾಗಲಿಲ್ಲ, ಆಸೆ ಅಷ್ಟಿತ್ತು. ದಂಡೆಯ ಮೇಲೆ ನಿಂತು ತಂದೆ ಮಗನನ್ನು ಕೂಗುವ ದೃಶ್ಯ ಬಂದಾಗ ಅವನು ಕಡಲಿಗೆ ಮುಖ ಮಾಡಿ, ಅಮ್ಮನ ಏಡಿಗಳನ್ನು ಒಂದೊಂದಾಗಿ ಎಣಿಸಿದ. ಮೊಳೆ ಹೊಡೆಯುತ್ತಿದ್ದ ಬಡಗಿ ಕೂಡ ಸುತ್ತಿಗೆ ಕೆಳಗಿಟ್ಟ.

ಅದಾದ ಸ್ವಲ್ಪ ದಿನಕ್ಕೆ ಗಾಸ್ತೊನೆ ಸತ್ತ. ಮಧ್ಯಾಹ್ನ ಊಟ ಮಾಡಿ, ಕೊರಳಪಟ್ಟಿ ಸರಿಮಾಡಿಕೊಂಡು, ಟ್ರಾಮಿಗೆ ಕಾಯುತ್ತ ನಿಂತವನು ನಿಂತಲ್ಲೇ ಕುಸಿದ. ಚರ್ಚಿನಲ್ಲಿ ಹೂವಿನ ರಾಶಿ. ಜನ ಎಲ್ಲೆಲ್ಲಿಂದಲೋ ಬಂದಿದ್ದರು, ಆದರೆ ಶವಪೆಟ್ಟಿಗೆಯೊಳಗಿದ್ದ ಮುಖ ಯಾರಿಗೂ ಪರಿಚಯವಿರಲಿಲ್ಲ. ಒಬ್ಬ ಮುದುಕಿ ಬಾಗಿಲಲ್ಲಿ ಒರೆಸ್ತೆಯನ್ನು ಕಂಡು ಎದೆಯ ಮೇಲೆ ಕೈಯಿಟ್ಟುಕೊಂಡು ಕಿರುಚಿದಳು. "ಅಯ್ಯೋ ದೇವರೇ! ಸತ್ತಿದ್ದು ನೀವಲ್ವಾ?" ಒರೆಸ್ತೆ ಅತ್ತ. ನಿಜವಾಗಿಯೂ ಅತ್ತ, ಗೆಳೆಯನಿಗಾಗಿ. ಆದರೆ ಅಳುವಿನ ತಳದಲ್ಲಿ ಒಂದು ಸಣ್ಣ ಹುಳ ಹರಿದಾಡುತ್ತಿತ್ತು: ಈಗ ಮಾತಾಡುವವರು ಯಾರು? ತನ್ನ ಮೇಲೆ ತನಗೇ ಅಸಹ್ಯವಾಗಿ ಅವನು ಇನ್ನೂ ಜೋರಾಗಿ ಅತ್ತ.

ಮಾತು ತುಂಬುವ ಹಾಲಿಗೆ ಅವನು ಕರೆಯದೆಯೇ ಹೋದ. ಅಲ್ಲಿ ಚಿತ್ರದ ಒಂದು ತುಂಡನ್ನು ತುದಿಗೆ ತುದಿ ಅಂಟಿಸಿ ಉಂಗುರ ಮಾಡಿ ಯಂತ್ರಕ್ಕೆ ಏರಿಸುತ್ತಾರೆ. ಅದೇ ತುಂಡು ಸುತ್ತಿ ಸುತ್ತಿ ಮತ್ತೆ ಮತ್ತೆ ಬರುತ್ತದೆ, ಸರಿಯಾಗಿ ಹೇಳುವ ತನಕ ಬಿಡುಗಡೆ ಇಲ್ಲ. ಕತ್ತಲೆಯಲ್ಲಿ ಕ್ರಿಸ್ಪೋಲ್ತಿ ಕೂತಿದ್ದ, ಪಕ್ಕದಲ್ಲಿ ಚಿತ್ರ ಹಂಚುವ ಕಂಪನಿಯ ದಪ್ಪ ಮನುಷ್ಯ.

"ಒಂದ ಸಲಾ ಕೇಳಿ ನೋಡ್ರಿ," ಎಂದ ಒರೆಸ್ತೆ.

"ಬಂದಿದ್ದಾನೆ, ಹೇಳ್ಲಿ ಬಿಡಿ," ಎಂದ ಕ್ರಿಸ್ಪೋಲ್ತಿ.

ಪರದೆಯ ಮೇಲೆ ದಂಡೆ, ಗಾಳಿಗೆ ಹಾರುವ ಬಿಳಿಕೂದಲು, ಒರೆಸ್ತೆಯ ಮುಖ. ಅವನು ಗಂಟಲು ಸರಿಮಾಡಿಕೊಂಡು ತನ್ನ ಧ್ವನಿಯಲ್ಲಿ ಹೇಳಿದ: "ಮಗನ, ಮನೀಗೆ ಬಾರೋ. ಅಂಬಲಿ ಆರಾಕತ್ತೇತಿ." ದೇವರಾಣೆಗೂ ಚೆನ್ನಾಗಿ ಹೇಳಿದ. ಅವನ ಅಪ್ಪ ಹೇಳುತ್ತಿದ್ದದ್ದೇ ಹಾಗೆ.

ಹಂಚಿಕೆಯವನು ಮೊದಲು ಕೆಮ್ಮಿದ, ಆಮೇಲೆ ತಡೆಯಲಾರದೆ ನಕ್ಕ. ಕ್ರಿಸ್ಪೋಲ್ತಿಯೂ ನಕ್ಕ. ಕೆಟ್ಟ ನಗುವಲ್ಲ, ಅದಕ್ಕೇ ಜಾಸ್ತಿ ಚುಚ್ಚಿತು. "ತಪ್ಪು ತಿಳ್ಕೋಬೇಡಿ ಪೆಂಝೊ," ಎಂದ ಹಂಚಿಕೆಯವನು ಕಣ್ಣೊರೆಸಿಕೊಳ್ಳುತ್ತ. "ಮುಖ ನೋಡಿದ್ರೆ ತಂದೆ, ಧ್ವನಿ ಕೇಳಿದ್ರೆ ಹೋಟೆಲ್ ಮಾಣಿ. ಜನ ಇದು ನಿಮ್ಮ ಧ್ವನಿ ಅಲ್ಲ ಅಂತ ಗಲಾಟೆ ಮಾಡ್ತಾರೆ ಸ್ವಾಮಿ!"

ನಕಲು ಮಾಡುವವರನ್ನು ಸಾಲಾಗಿ ಕರೆಸಿದ್ದರು. ಒಬ್ಬ ಗಾಸ್ತೊನೆಯ ಹಾಗೆ ಮಾತಾಡಲು ಹೋಗಿ ಎಮ್ಮೆಯ ಹಾಗೆ ಕೂಗಿದ. ಇನ್ನೊಬ್ಬನಿಗೆ ತುಟಿಯ ತಾಳ ಸಿಗಲಿಲ್ಲ. ಉಂಗುರ ಸುತ್ತುತ್ತಲೇ ಇತ್ತು. ಒರೆಸ್ತೆ ಗೋಡೆಗೊರಗಿ ನೋಡುತ್ತಿದ್ದ. ಕಡೆಗೆ ಒಬ್ಬ ಬಾಯಿತುಂಬ 'ಮಗನೇ' ಎಂದು ಗಳಗಳ ಅಳತೊಡಗಿದಾಗ ಒರೆಸ್ತೆಗೆ ತಡೆಯಲಾಗಲಿಲ್ಲ. ಸತ್ತ ಗೆಳೆಯನನ್ನು ಹೀಗೆ ಅಣಕಿಸುತ್ತಾರಲ್ಲ ಎಂಬ ಸಿಟ್ಟಿಗೆ ಮುಂದೆ ನುಗ್ಗಿ, ಧ್ವನಿಯನ್ನು ಎದೆಯ ತಳಕ್ಕೆ ಇಳಿಸಿ ಹೇಳಿದ:

"ಮಗನೇ, ಮನೆಗೆ ಬಾ. ನಿನ್ನ ಅಂಬಲಿ ಆರಿಹೋಗ್ತಿದೆ."

ಯಂತ್ರ ನಡೆಸುವವನು ಕಿಂಡಿಯಿಂದ ಇಣುಕಿ ಶಿಲುಬೆಯ ಗುರುತು ಮಾಡಿಕೊಂಡ. ಕೊನೆಯ ನಿಟ್ಟುಸಿರು ಕೂಡ ಗಾಸ್ತೊನೆಯದ್ದೇ, ಎಲ್ಲಿ ಬೀಳಬೇಕೋ ಅಲ್ಲೇ ಬಿದ್ದಿತ್ತು. ಹೇಗೆ ಬೀಳದಿರುತ್ತದೆ? ತುಟಿ ಯಾರದು, ಒಂಬತ್ತು ಯಾರದು?

ಹಂಚಿಕೆಯವನು ಎದ್ದು ಬಂದು ಅವನ ಎರಡು ಕೆನ್ನೆಗೂ ಮುತ್ತಿಟ್ಟ. "ಅಪ್ಪಾ ಪುಣ್ಯಾತ್ಮ! ಈ ಧ್ವನೀನ ನಿನ್ನ ಗಂಟಲಲ್ಲೇ ಇಟ್ಕೊಂಡು ಇಷ್ಟು ದಿನ ಸುಮ್ನೆ ಇದ್ಯಲ್ಲೋ!"

ಬೇಡ ಅನ್ನಬಹುದಿತ್ತು. ಅಂದಿದ್ದರೆ ಆ ಎಮ್ಮೆಯ ಹಾಗೆ ಕೂಗುವವನೇ ಬರುತ್ತಿದ್ದ. ಒರೆಸ್ತೆ ತನಗೆ ತಾನೇ ಲೆಕ್ಕ ಹಾಕಿದ: ಧ್ವನಿ ಗಾಸ್ತೊನೆಯದಾದರೇನು, ಉಸಿರು ನನ್ನದು, ಗಂಟಲು ನನ್ನದು. ಹೊರಗಿನವರಿಗೆ ಗೊತ್ತಾಗದಿರಬಹುದು. ಹೆತ್ತವಳಿಗೆ ಗೊತ್ತಾಗದೇ ಇರುತ್ತದೆಯೇ? ಕುರುಡಿಗೆ ಕಿವಿ ಇನ್ನೂ ಚುರುಕು. ಹೀಗೆಂದುಕೊಂಡು ಒಪ್ಪಂದಕ್ಕೆ ಸಹಿ ಹಾಕಿದ. ಮುಂದಿನ ಚಿತ್ರಗಳಿಗೂ ಇದೇ ಧ್ವನಿ ಎಂದು ಅದರಲ್ಲಿ ಬರೆದಿದ್ದರು. ಅದನ್ನು ಓದಿಯೂ ಓದದವನ ಹಾಗೆ ಸಹಿ ಹಾಕಿದ.

ಬಚ್ಚಲುಮನೆಯ ಕನ್ನಡಿಯ ಮುಂದೆ ನಿಂತು ಅಭ್ಯಾಸ ಮಾಡುತ್ತಿದ್ದಾಗ ಹೆಂಡತಿ ಎರ್ಸೀಲಿಯಾ ಅಡುಗೆಮನೆಯಿಂದ ಓಡಿ ಬಂದಳು. ಮದುವೆಗೆ ಮುಂಚೆ ಸ್ಟುಡಿಯೋದಲ್ಲಿ ಉಡುಪು ಹೊಲಿಯುತ್ತಿದ್ದವಳು, ಗಾಸ್ತೊನೆಯನ್ನು ಚೆನ್ನಾಗಿ ಬಲ್ಲವಳು.

"ನಿಲ್ಸಿ ಅದನ್ನ! ಸತ್ತೋನು ಬಚ್ಚಲುಮನೇಲಿ ಕೂತು ಮಾತಾಡ್ದಂಗೆ ಆಗುತ್ತೆ."

"ಏನು ಮಾಡಲಿ, ಹೊಟ್ಟೆಪಾಡು," ಎಂದ ಒರೆಸ್ತೆ.

ಅವಳು ಅವನನ್ನೇ ದಿಟ್ಟಿಸಿದಳು. "ಈಗ ಮಾತಾಡಿದ್ದು ನೀವೋ, ಅವರೋ?"

ಒರೆಸ್ತೆ ಯೋಚಿಸಬೇಕಾಯಿತು. ಎರ್ಸೀಲಿಯಾ ಬಾಗಿಲು ಎಳೆದುಕೊಂಡು ಹೊರಟುಹೋದಳು. ಅವತ್ತಿನಿಂದ ಅವನು ಮನೆಯಲ್ಲೂ ಮಾತು ಕಡಿಮೆ ಮಾಡಿದ.

ಸಿನಿಮಾ ಓಡಿತು ನೋಡಿ, ಕೇಳಬೇಡಿ! ಪಲೆರ್ಮೊದಲ್ಲೂ ಅತ್ತರು, ತುರಿನ್‌ನಲ್ಲೂ ಅತ್ತರು. ಪತ್ರಿಕೆಯವರು 'ಪೆಂಝೊನ ಎಂದಿನ ಭವ್ಯ ಧ್ವನಿ' ಎಂದು ಬರೆದರು. ಗಾಸ್ತೊನೆ ಅಮೆರಿಕದ ಒಬ್ಬ ಕುದುರೆ ಸವಾರ ನಟನಿಗೂ ಮಾತು ಕೊಡುತ್ತಿದ್ದ. ಆ ಕೆಲಸವೂ ಈಗ ಒರೆಸ್ತೆಯ ತಲೆಗೆ ಬಿತ್ತು. ಬೆಳಗಿನಿಂದ ಸಂಜೆಯವರೆಗೆ ಅವನು ಕತ್ತಲ ಹಾಲಿನಲ್ಲಿ ನಿಂತು, ಯಾರೋ ಹೊಂಬಣ್ಣದ ಕೂದಲಿನವನ ಬಾಯಿಗೆ, ಸತ್ತವನ ಧ್ವನಿಯಲ್ಲಿ, ಮಾತು ತುಂಬತೊಡಗಿದ. ಅಲ್ಲಿ ಅವನ ಮುಖವೂ ಬೇಕಿರಲಿಲ್ಲ. ಉಂಗುರ ಸುತ್ತುತ್ತಿತ್ತು. ಬಿಟ್ಟುಬಿಡುತ್ತೇನೆ ಎಂದು ಎಷ್ಟೋ ಸಲ ಬಾಗಿಲ ತನಕ ಹೋದ. ಬಿಟ್ಟರೆ ಹೊಸ ಧ್ವನಿ, ಹೊಸ ಧ್ವನಿಯಾದರೆ ಮುಖಕ್ಕೂ ಕೆಲಸವಿಲ್ಲ ಎಂದು ಹಂಚಿಕೆಯವನು ಬಹಳ ಪ್ರೀತಿಯಿಂದ ತಿಳಿಹೇಳಿದ್ದ.

ಇಷ್ಟರ ನಡುವೆಯೂ ಅವನು ಹಿಡಿದುಕೊಂಡಿದ್ದ ಒಂದೇ ಎಳೆ ಅಮ್ಮ. ಕಾಫಿ ಅಂಗಡಿಗೆ ಫೋನ್ ಮಾಡಿ ಹೇಳಿದ. "ಅವ್ವಾ, ಪಿಚ್ಚರ್ ನಿಮ್ಮಲ್ಲಿಗೆ ಬರಾಕತ್ತೇತಿ. ಈ ಸಲಾ ನಾನ ಮಾತಾಡೇನಿ."

"ಖರೇ ಹೇಳು."

"ನಿನ್ನಾಣಿ ಅವ್ವಾ. ಪೂರಾ ಪಿಚ್ಚರ್ ನಾನ ಮಾತಾಡೇನಿ."

ಅಮಾಬಿಲೆ ಫೋನ್ ಇಡುವುದಕ್ಕೂ ಕಾಯದೆ ಅಂಗಡಿಯ ತುಂಬ ಸಾರಿದಳು. "ಕೇಳ್ರ್ಯೋ! ನನ ಮಗಾ ಬಾಯಿ ತಗದಾನಂತ!" ಹಿನ್ನೀರಿನ ಊರಿನಲ್ಲಿ ಸುದ್ದಿಗೆ ದೋಣಿ ಬೇಕಾಗುವುದಿಲ್ಲ. ಭಾನುವಾರ ಮಧ್ಯಾಹ್ನ ಒರೆಸ್ತೆ ಹೋಗಿ ಇಳಿದಾಗ ಚರ್ಚಿನ ಹಾಲಿನ ಬಾಗಿಲಲ್ಲಿ ಪಾದ್ರಿ ದೋನ್ ಸಿಲ್ವೆಸ್ತ್ರೊ ಅವರೇ ನಿಂತಿದ್ದರು. ಅಮಾಬಿಲೆ ಕಪ್ಪು ರೇಷ್ಮೆಯ ಶಾಲು ಹೊದ್ದು, ಮುಂದಿನ ಬೆಂಚಿನ ನಡುವೆ, ಮದುಮಗಳ ಹಾಗೆ ಬೆನ್ನು ನೆಟ್ಟಗೆ ಮಾಡಿ ಕೂತಿದ್ದಳು. ಇಡೀ ಮೀನುಕಟ್ಟೆ ಅಲ್ಲಿತ್ತು. ಹುರಿದ ಕುಂಬಳಬೀಜದ ಪೊಟ್ಟಣಗಳು ಕೈಯಿಂದ ಕೈಗೆ ಹೋಗುತ್ತಿದ್ದವು.

ದೀಪ ಆರಿತು. ಒರೆಸ್ತೆ ಅಮ್ಮನ ಕೈ ಹಿಡಿದುಕೊಂಡ. ಪರದೆಯ ಮೇಲೆ ಮೀನುಗಾರ ಬಾಗಿಲು ತೆರೆದು ಹೊರಗೆ ಬಂದ, ಆಕಾಶ ನೋಡಿದ, ಮೊದಲ ಮಾತಾಡಿದ. ತುಂಬಿದ, ಜೇನು ಸವರಿದ ಧ್ವನಿ ಹಾಲಿನ ಮೂಲೆಮೂಲೆಗೂ ಹರಡಿತು. ಹಿಂದಿನವರು "ಆಹಾ" ಎಂದರು.

ಅಮಾಬಿಲೆ ಕಾದಳು. ಇನ್ನೊಂದು ಮಾತು ಬಂತು, ಮತ್ತೊಂದು. ಅವಳು ಮಗನ ಕಡೆ ತಿರುಗಿದಳು.

"ನೀ ಯಾವಾಗ ಬರತೀ?"

"ಬಂದೇನವ್ವಾ. ಅದ ನಾನು."

"ಅಂವ ಅಲ್ಲೋ ಅದು? ರೋಮಿನ್ಯಾಂವ? ಸತ್ತಾ ಅಂದಿದ್ದೆಲ್ಲ, ಮತ್ತ ಮಾತಾಡಾಕತ್ತಾನಲ್ಲ!"

"ಅಂವ ಸತ್ತಾನವ್ವಾ. ಅಂವನ ಹಂಗ ನಾ ಮಾತಾಡೇನಿ. ಚೊಲೋತ್ನ್ಯಾಗ ಕೇಳು, ಗುರ್ತ ಸಿಗತೇತಿ."

ಅವಳು ಕೇಳಿದಳು. ತಲೆ ಬಗ್ಗಿಸಿ, ಕಾಣದ ಕಣ್ಣನ್ನೂ ಮುಚ್ಚಿಕೊಂಡು ಕೇಳಿದಳು. ಇಡೀ ಜೀವಮಾನದಲ್ಲಿ ಒರೆಸ್ತೆ ಎಷ್ಟೋ ಜನರ ಮುಂದೆ ಎಷ್ಟೋ ವೇಷ ಹಾಕಿದ್ದ, ಯಾವುದಾದರೂ ಒಂದು ಕೆಟ್ಟದಾಗಲಿ ಎಂದು ಬೇಡಿಕೊಂಡದ್ದು ಇದೊಂದೇ ಸಲ. ಎಲ್ಲಾದರೂ ಒಂದು ಕಡೆ ಮೂಗು ಇಣುಕಲಿ, ಎಲ್ಲಾದರೂ ಎಳೆತ ಜಾರಲಿ. ಇಣುಕಲಿಲ್ಲ, ಜಾರಲಿಲ್ಲ. ಅಷ್ಟು ಚೆನ್ನಾಗಿ ಮಾಡಿದ್ದ ಪಾಪಿ.

ಅಮಾಬಿಲೆ ಅವನ ಕೈ ತಟ್ಟಿದಳು, ಚಿಕ್ಕ ಮಕ್ಕಳನ್ನು ತಟ್ಟುವ ಹಾಗೆ. "ಇರ್ಲಿ ಬಿಡಪಾ. ಮುದುಕಿ ಮನಸ್ಸಿಗೆ ನೋವು ಆಗಬಾರದಂತ ಸುಳ್ಳ ಹೇಳಿದಿ. ನನಗ ತಿಳೀತೇತಿ."

"ಸುಳ್ಳಲ್ಲವ್ವಾ!" ಹೇಗೆ ತೋರಿಸಲಿ? ತೋಚಿದ್ದು ಒಂದೇ. ಪರದೆಯ ಮೀನುಗಾರ ಮಾತಾಡುತ್ತಿದ್ದಂತೆಯೇ ಅವನು ಅಮ್ಮನ ಕಿವಿಗೆ ಬಾಯಿಟ್ಟು, ಅದೇ ಮಾತನ್ನು ಅದೇ ಧ್ವನಿಯಲ್ಲಿ ಹೇಳಿದ. "ಈ ಕಡಲು ನನ್ನದನ್ನೆಲ್ಲ ತಗೊಂಡಿದೆ."

ಅಮಾಬಿಲೆ ಕೈ ಕಿತ್ತುಕೊಂಡಳು. ಕಾದ ಹಂಚು ಮುಟ್ಟಿದವಳ ಹಾಗೆ ಬೆಂಚಿನ ಮೇಲೆ ಹಿಂದಕ್ಕೆ ಸರಿದು ಶಿಲುಬೆಯ ಗುರುತು ಮಾಡಿಕೊಂಡಳು. "ಒರೆಸ್ತೆ! ಒರೆಸ್ತೆ, ಎಲ್ಲಿ ಹ್ವಾದ್ಯೋ? ಯಾರ ಕುಂತೀರಿ ಇಲ್ಲೆ?" ಅವಳ ಬೆರಳುಗಳು ಗಾಳಿಯಲ್ಲಿ ತಡಕಾಡಿ ಅವನ ಮುಖಕ್ಕೆ ತಾಗಿದವು, ಮೂಗು ಮುಟ್ಟಿದಳು, ಹುಬ್ಬು ಮುಟ್ಟಿದಳು. "ಮುಖ ನಿಂದ ಐತಿ. ಮಾತಾಡಪಾ. ನೀ ಮಾತಾಡು."

ಒರೆಸ್ತೆ ಬಾಯಿ ತೆರೆದ. ಏನೂ ಬರಲಿಲ್ಲ. ತನ್ನ ಧ್ವನಿ ಎಲ್ಲಿ ಇಟ್ಟಿದ್ದೆ ಎಂದು ಹುಡುಕಿದ ಹಾಗಾಯಿತು. ಗಂಟಲಲ್ಲಿ ಗಾಸ್ತೊನೆ ಕಾಲು ಚಾಚಿ ಕೂತುಬಿಟ್ಟಿದ್ದ. ಅಷ್ಟರಲ್ಲಿ ಪರದೆಯ ಮೇಲೆ ದಂಡೆ ಬಂತು, ಗಾಳಿ ಬಂತು, ಬಿಳಿಕೂದಲು ಹಾರಿತು. ತಂದೆ ಮಗನನ್ನು ಕೂಗುವ ದೃಶ್ಯ. ಒರೆಸ್ತೆ ತನ್ನ ತುಟಿಯನ್ನೇ ನೋಡಿದ. ಆ ತುಟಿ ಅವತ್ತು ಏನು ಹೇಳುತ್ತಿತ್ತು ಎಂದು ಆ ಹಾಲಿನಲ್ಲಿ ಅವನೊಬ್ಬನಿಗೇ ಗೊತ್ತು.

"ಒಂದ ಬಂತು," ಎಂದ. ತೆಳ್ಳಗೆ, ಮೂಗಿನಿಂದ ಬಂತು ಧ್ವನಿ. "ಎರಡ ಬಂತು. ಮೂರ ಮೆತ್ತಗ."

ಅಮಾಬಿಲೆಯ ಬೆರಳು ಅವನ ಕೆನ್ನೆಯ ಮೇಲೆ ನಿಂತಿತು.

"ನಾಕ ತಣ್ಣಗ." ಪರದೆಯ ತುಟಿಗೆ ಸರಿಯಾಗಿ, ಒಂದು ಕೂದಲೂ ಹಿಂದುಮುಂದಾಗದೆ, ಅವನು ಹೇಳುತ್ತ ಹೋದ. "ಈಗ ಹಿಂಗ ಅನ್ನಾಕತ್ತೇನವ್ವಾ, ಪಿಚ್ಚರಿನ್ಯಾಗ, ದಂಡಿ ಮ್ಯಾಲೆ ನಿಂತು. ಐದ ಅಕ್ಕಗ. ಆರ ಅಣ್ಣಗ."

ಅವಳ ಮುಖ ಅರಳಿತು. ಮುದುಕಿ ಶಾಲಿನ ಅಂಚನ್ನು ಬಾಯಿಗೆ ಒತ್ತಿಕೊಂಡಳು, ಹಿಂದಿನ ಹಾಗೆಯೇ, ಭುಜ ಕುಲುಕತೊಡಗಿತು. "ಅಯ್ಯ ನನ ಮಂಗ್ಯಾ! ಬಂದ್ಯಾ? ಬಂದ್ಯಾ?"

"ಏಳ ಓಣಿಗೆ," ಎಂದ ಒರೆಸ್ತೆ. ಅವನೂ ನಗುತ್ತಿದ್ದ, ಅಳುತ್ತಲೂ ಇದ್ದ, ಧ್ವನಿ ತಾನಾಗಿ ಏರಿತ್ತು. "ಎಂಟ ನಿನಗ..."

"ಶ್!" ಹಿಂದಿನ ಸಾಲಿನಿಂದ ಯಾರೋ ಅವನ ಭುಜ ಹಿಡಿದು ಅಲುಗಿಸಿದರು. ಹಾಲಿನ ಆ ಕಡೆಯಿಂದಲೂ ಈ ಕಡೆಯಿಂದಲೂ "ಶ್! ಶ್!" ಎದ್ದಿತು. "ಏ ಒರೆಸ್ತೆ, ಸ್ವಲ್ಪ ಸುಮ್ನಿರಪಾ ಮಾರಾಯ! ಪಿಚ್ಚರಿನ್ಯಾಗ ನೀ ಏನಂತಿ, ಅದನ್ನರ ಕೇಳೂಣು!"

ಒರೆಸ್ತೆ ಬಾಯಿ ಮುಚ್ಚಿದ. ಪರದೆಯ ಮೇಲೆ ಗಾಸ್ತೊನೆ ಮಗನನ್ನು ಕರೆದ, ಅಂಬಲಿ ಆರಿಹೋಗುತ್ತಿದೆ ಎಂದ, ಕೊನೆಗೆ ನಿಟ್ಟುಸಿರು ಬಿಟ್ಟ. ಹಾಲಿಗೆ ಹಾಲೇ ಮೂಗು ಸೀಟಿತು.

ಅಮಾಬಿಲೆ ಮಾತ್ರ ಕಿವಿಯನ್ನು ಮಗನ ಬಾಯಿಯ ಹತ್ತಿರವೇ ಇಟ್ಟುಕೊಂಡು ಕಾಯುತ್ತಿದ್ದಳು.

"ಎಂಟ ನನಗ ಕೊಟ್ಟಿ," ಎಂದಳು ಪಿಸುದನಿಯಲ್ಲಿ. "ಮುಂದ ಹೇಳೋ."